ಏಳು ಮಂಡಲ, ಒಂದು ಬೂದಿ ತಿಂಗಳು: ರಸವಾದಿಗಳ ಪಂಚಾಂಗ ಕಟ್ಟಿದ ನನ್ನ ಅನುಭವ

ರಸವಾದಿಗಳ, ಅಂದರೆ ಲೋಹವನ್ನು ಚಿನ್ನ ಮಾಡಲು ಹೊರಟವರ, ಕಥೆಯೊಂದಕ್ಕೆ ನಾನು ಕಟ್ಟಿದ ಪಂಚಾಂಗದ 48 ದಿನದ ತಿಂಗಳು ಯಾವ ಓದುಗರ ತಲೆಗೂ ಹತ್ತಲ್ಲ ಎಂದು ನಮ್ಮ ಬರೆಯುವವರ ಗುಂಪಿನಲ್ಲಿ ಹೆಚ್ಚುಕಡಿಮೆ ಎಲ್ಲರೂ ಹೇಳಿದ್ದರು. ಈಗ ಅವರೇ ಕರಡು ಓದಿ, "ಬೂದಿ ತಿಂಗಳು ಬರೋದ್ರೊಳಗೆ ಇವನು ಸಾಲ ತೀರಿಸಬೇಕು ಅಲ್ವಾ?" ಎಂದು ಕೇಳುತ್ತಿದ್ದಾರೆ. ಹಿಂದಿನ ಪುಟದ ಕೋಷ್ಟಕವನ್ನು ಯಾರೂ ತಿರುಗಿಸಿ ನೋಡಿಲ್ಲ. ಹಾಗಾಗಿ ಇದನ್ನು ಬರೆಯುವ ಧೈರ್ಯ ಬಂದಿದೆ. ಅಧಿಕ ಮಾಸ, ಲೀಪ್ ವರ್ಷ ನಿಮಗೆಲ್ಲ ಗೊತ್ತೇ ಇದೆ, ಆ ಪಾಠ ಬೇಡ.

ಮೊದಲು ಎಲ್ಲರಂತೆ ಆಕಾಶದಿಂದಲೇ ಶುರು ಮಾಡಿದೆ. ಎರಡು ಚಂದ್ರ. ಒಂದಕ್ಕೆ ನಮ್ಮದರಂತೆ ಇಪ್ಪತ್ತೊಂಬತ್ತೂವರೆ ದಿನ, ಇನ್ನೊಂದಕ್ಕೆ ಹದಿನೇಳು. ಎಕ್ಸೆಲ್‌ನಲ್ಲಿ ಬಹಳ ಚಂದ ಕಾಣುತ್ತಿತ್ತು. ಚಿತ್ರಕಾರರೊಬ್ಬರಿಗೆ ಐದು ಸಾವಿರದ ಹತ್ತಿರ ಕೊಟ್ಟು ದೊಡ್ಡ ಚಕ್ರವನ್ನೂ ಬರೆಸಿದೆ. ಕಥೆಗೆ ಅದರಿಂದ ಏನೂ ಸಿಗಲಿಲ್ಲ. ರಸವಾದಿ ಕುಲುಮೆ ಮುಂದೆ ಕೂತಿರುತ್ತಾನೆ, ಚಂದ್ರನನ್ನು ಕಟ್ಟಿಕೊಂಡು ಅವನಿಗೇನು? ಚಕ್ರ ಈಗ ಕಪಾಟಿನಲ್ಲಿದೆ.

ಆಮೇಲೆ ರಸವಾದದ ಒಳಗಿನಿಂದಲೇ ಹುಡುಕಿದೆ. 15ನೇ ಶತಮಾನದ ಇಂಗ್ಲೆಂಡಿನ ರಸವಾದಿ ಜಾರ್ಜ್ ರಿಪ್ಲಿ ಇಡೀ ಕೆಲಸವನ್ನು ಹನ್ನೆರಡು ಬಾಗಿಲುಗಳಾಗಿ, ಅಂದರೆ ಹಂತಗಳಾಗಿ, ಹೇಳಿದ್ದಾನೆ: ಸುಡುವುದು, ಕರಗಿಸುವುದು, ಬೇರೆ ಮಾಡುವುದು, ಹೀಗೆ. ಹನ್ನೆರಡಕ್ಕೆ ಹನ್ನೆರಡು ತಿಂಗಳು ಸರಿಹೋಯಿತು. ಆದರೆ ಐದನೆಯದೋ ಏಳನೆಯದೋ ಎಂದು ಓದುವವರು ತಡಕಾಡಿದರು. ಯುರೋಪಿನ ರಸವಾದಿಗಳ 40 ದಿನದ ತಿಂಗಳನ್ನೂ ಹಿಡಿದು ನೋಡಿದೆ. ಒಂಬತ್ತು ಸಲ ಬಂದರೆ 360, ಹಳೆಯ ಈಜಿಪ್ಟಿನ ವರ್ಷದಂತೆ ಐದು ದಿನ ಮಿಗುತ್ತದೆ. ಲೆಕ್ಕ ಚೊಕ್ಕವಾಗಿಯೇ ಇದೆ. ಆದರೆ ರಸವಾದಿಗಳು ಎಣಿಸುವ ಲೋಹಗಳು ಏಳು, ತಿಂಗಳು ಒಂಬತ್ತು. ಕೈಬಿಟ್ಟೆ.

ದಾರಿ ಸಿಕ್ಕಿದ್ದು ನಮ್ಮ ಮಂಡಲದಿಂದ. ಪಂಡಿತರು "ಒಂದು ಮಂಡಲ ಔಷಧಿ ತಗೊಳ್ಳಿ" ಅನ್ನುತ್ತಾರಲ್ಲ, ಆ 48 ದಿನ. ಕೆಲವರು 40, 41 ಎಂದೂ ಎಣಿಸುತ್ತಾರೆ, ನಾನು 48 ಹಿಡಿದೆ. ಏಳು ಲೋಹಕ್ಕೆ ಏಳು ಮಂಡಲ ಅಂದರೆ 336 ದಿನ. 365ರಲ್ಲಿ ಉಳಿದದ್ದು 29. ಹೆಚ್ಚುಕಡಿಮೆ ಒಂದು ಚಾಂದ್ರಮಾಸ! ಆ ಉಳಿಕೆಯನ್ನೇ ಬೂದಿ ತಿಂಗಳು ಮಾಡಿದೆ. ಕುಲುಮೆಗಳೆಲ್ಲ ಆರಿರುತ್ತವೆ, ಬೂದಿ ತೆಗೆಯುತ್ತಾರೆ, ಸಾಲದ ಲೆಕ್ಕ ಮುಗಿಸುತ್ತಾರೆ.

ನಿಜವಾದ ಲಾಭ ಮುಂದೆ ಇದೆ. 48ಕ್ಕೆ ಇನ್ನೊಂದು ಸೇರಿದರೆ ಏಳೇಳಲ ನಲವತ್ತೊಂಬತ್ತು. ಅಂದರೆ ಪ್ರತಿ ಮಂಡಲ ಹಿಂದಿನದಕ್ಕಿಂತ ವಾರದಲ್ಲಿ ಒಂದು ದಿನ ಹಿಂದಕ್ಕೆ ಸರಿದು ಶುರುವಾಗುತ್ತದೆ. ಮೊದಲನೆಯದು ಭಾನುವಾರ, ಎರಡನೆಯದು ಶನಿವಾರ, ಮೂರನೆಯದು ಶುಕ್ರವಾರ. ಏಳು ಮಂಡಲಕ್ಕೆ ವಾರದ ಏಳು ದಿನವೂ ಒಂದೊಂದು ಸಲ ಬಂದು ಸುತ್ತು ಮುಗಿಯುತ್ತದೆ. ಭಾನುವಾರಕ್ಕೆ ಚಿನ್ನ, ಸೋಮವಾರಕ್ಕೆ ಬೆಳ್ಳಿ, ಮಂಗಳವಾರಕ್ಕೆ ಕಬ್ಬಿಣ, ಬುಧವಾರಕ್ಕೆ ಪಾದರಸ, ಗುರುವಾರಕ್ಕೆ ತವರ, ಶುಕ್ರವಾರಕ್ಕೆ ತಾಮ್ರ, ಶನಿವಾರಕ್ಕೆ ಸೀಸ ಎನ್ನುವುದು ಹಳೆಯ ಯುರೋಪಿನ ಜೋಡಣೆ. ಹಾಗಾಗಿ ಮಂಡಲ ಯಾವ ವಾರ ಹುಟ್ಟಿತೋ ಆ ಲೋಹದ ಹೆಸರು ಅದಕ್ಕೆ: ಚಿನ್ನ, ಸೀಸ, ತಾಮ್ರ, ತವರ, ಪಾದರಸ, ಕಬ್ಬಿಣ, ಬೆಳ್ಳಿ. ನಾನು ಒಂದು ಹೆಸರನ್ನೂ ಬಲವಂತವಾಗಿ ಕೂರಿಸಿಲ್ಲ, ಲೆಕ್ಕವೇ ಕೊಟ್ಟಿತು. ಇಷ್ಟು ಸಲೀಸಾದ ಪಂಚಾಂಗ ನಮ್ಮ ಗುಂಪಿನಲ್ಲಿ ಬೇರೆ ಯಾರೂ ಮಾಡಿಲ್ಲ ಎಂದು ಧೈರ್ಯವಾಗಿ ಹೇಳುತ್ತೇನೆ.

ಬೂದಿ ತಿಂಗಳಲ್ಲಿ 28 ದಿನ ನಾಲ್ಕು ವಾರಕ್ಕೆ ಹೋಯಿತು. ಕೊನೆಯ ಒಂದು ದಿನಕ್ಕೆ ವಾರದ ಹೆಸರೇ ಇಲ್ಲ. ಹಾಗಿದ್ದರೆ ಮಾತ್ರ ಹೊಸ ವರ್ಷ ಮತ್ತೆ ಚಿನ್ನದ ದಿನವೇ ಶುರುವಾಗುತ್ತದೆ. ಆ ದಿನ ಬಡ್ಡಿ ಏರಲ್ಲ, ಕೊಟ್ಟ ಮಾತಿಗೆ ಬೆಲೆಯಿಲ್ಲ. ನಾಲ್ಕು ವರ್ಷಕ್ಕೊಮ್ಮೆ ಇಂಥ ದಿನ ಎರಡು. ಯಾವ ವರ್ಷ ಎರಡು ಬರುತ್ತದೆ ಎಂಬುದನ್ನು ಊರಿನವರು ಹೇಗೆ ಕಂಡುಹಿಡಿಯುತ್ತಾರೆ ಎನ್ನುವುದನ್ನು ಇಲ್ಲಿ ಹೇಳಲ್ಲ. ಕಥೆಯಲ್ಲಿ ನಡೆಯುವ ಕಳ್ಳತನ ನಿಂತಿರುವುದೇ ಅದರ ಮೇಲೆ.

ಇದರ ನಡುವೆ ತಾರಸಿಯ ಮೇಲೆ ಬೆಂಕಿಯನ್ನೂ ಹಾಕಿದೆ. ರಸಶಾಸ್ತ್ರ ಅಂದರೆ ಆಯುರ್ವೇದದ ಲೋಹ-ಔಷಧಿಯ ವಿದ್ಯೆ, ಅದರಲ್ಲಿ ಮುಚ್ಚಿದ ಪಾತ್ರೆಯನ್ನು ಬೆರಣಿ ಬೆಂಕಿಯಲ್ಲಿ ಸುಡುವುದಕ್ಕೆ ಪುಟ ಎನ್ನುತ್ತಾರೆ. ದೊಡ್ಡದಾದ ಗಜಪುಟಕ್ಕೆ ಕೆಳಗೆ ಸಾವಿರ, ಮೇಲೆ ಐನೂರು ಬೆರಣಿ ಬೇಕು. ನಾನು ಎಂಟೇ ಬೆರಣಿಯ ಚಿಕ್ಕ ಕಪೋತಪುಟ ಮಾಡಿದೆ. ಎರಡು ಮಣ್ಣಿನ ತಟ್ಟೆ ಬಾಯಿಗೆ ಬಾಯಿ ಸೇರಿಸಿ, ಜೇಡಿಮಣ್ಣಿನ ಬಟ್ಟೆ ಸುತ್ತಿ ಇಟ್ಟೆ. ಒಳಗೆ ಬರೀ ಮಣ್ಣು. ಸೀಸ, ಪಾದರಸ ಮನೆಯಲ್ಲಿ ಸುಡಲೇಬೇಡಿ, ಹೊಗೆ ವಿಷ. ಉರಿ ಒಂದು ಗಂಟೆಯೊಳಗೆ ಇಳಿಯಿತು, ತಟ್ಟೆ ಮಾತ್ರ ಸಂಜೆವರೆಗೂ ಬಿಸಿ. ತಾನಾಗಿಯೇ ತಣಿಯುವ ತನಕ ಪುಟ ಬಿಚ್ಚಬಾರದು ಎಂಬ ನಿಯಮವಿದೆ. ಅದರಿಂದಲೇ ನನ್ನ ಲೋಕದಲ್ಲಿ ದಿನ ಶುರುವಾಗುವುದು ಸೂರ್ಯೋದಯಕ್ಕಲ್ಲ, ಹಿಂದಿನ ದಿನದ ಪುಟ ಬಿಚ್ಚುವ ಹೊತ್ತಿಗೆ.

ಇನ್ನೊಂದು ಆಟವೂ ಸಿಕ್ಕಿತು. ಶನಿ, ಗುರು, ಕುಜ (ಮಂಗಳ), ಸೂರ್ಯ, ಶುಕ್ರ, ಬುಧ, ಚಂದ್ರ ಎಂದು ವೃತ್ತದಲ್ಲಿ ಏಳು ಚುಕ್ಕೆ ಇಡಿ. ಸೂರ್ಯನಿಂದ ಹೊರಟು ಮೂರು ಮೂರು ಹೆಜ್ಜೆ ಹಾಕಿದರೆ ವಾರದ ದಿನಗಳು ಸರದಿಯಲ್ಲಿ ಬರುತ್ತವೆ. ಕುಜನಿಂದ ಎರಡೆರಡು ಹೆಜ್ಜೆ ಹಾಕಿ ಆಯಾ ಗ್ರಹದ ವಾರದ ಲೋಹ ಬರೆದರೆ ಕಬ್ಬಿಣ, ತಾಮ್ರ, ಬೆಳ್ಳಿ, ತವರ, ಚಿನ್ನ, ಪಾದರಸ, ಸೀಸ. ಇದು ಅವುಗಳ ಪರಮಾಣು ಸಂಖ್ಯೆಯ ಏರಿಕೆ: 26, 29, 47, 50, 79, 80, 82. ಹಳಬರಿಗೆ ಇದು ಗೊತ್ತಿರಲು ಸಾಧ್ಯವೇ ಇರಲಿಲ್ಲ. ನನ್ನ ರಸವಾದಿಗಳ ಗುಟ್ಟಿನ ಲಿಪಿ ಇದೇ ಹೆಜ್ಜೆಯಲ್ಲಿದೆ. ಬೀಗದ ಕೈ ನನ್ನ ಹತ್ತಿರವೇ ಇರಲಿ.

ಖರ್ಚು? ಚಕ್ರದ್ದು ಬಿಟ್ಟರೆ ಜೇಬಿನ ಪಂಚಾಂಗ ನೂರು ಪ್ರತಿ ಮಾಡಿಸಿದ್ದು, ಒಂದಕ್ಕೆ ಅರವತ್ತು ರೂಪಾಯಿ ಬಿತ್ತು. ಮುಕ್ಕಾಲು ಪಾಲು ಮಾರಾಟವಾಗಿ ಮುದ್ರಣದ ಹಣ ವಾಪಸ್ ಬಂದಿದೆ.

ನೀವು ಮಾಡುವುದಾದರೆ, ತಿಂಗಳು ಪೂರ್ತಿ ವಾರಗಳಿಗಿಂತ ಒಂದು ದಿನ ಕಡಿಮೆ ಇರಲಿ. ಐದು ದಿನದ ವಾರಕ್ಕೆ 24 ಅಥವಾ 34. ನನ್ನ ಕಥೆಯ ಎರಡನೇ ಭಾಗದ ಕಡಲ ತೀರದ ಊರಿಗೆ 24 ಇಟ್ಟಿದ್ದೇನೆ. ಹದಿನೈದು ತಿಂಗಳಿಗೆ 360 ದಿನ, ವಾರಗಳ ಸುತ್ತು ಮೂರು. ಮಿಕ್ಕ ಐದು ದಿನ ಉಪ್ಪಿನ ಸಂತೆ.