ಮಸ್ಟರ್ ರೋಲ್ ಸಿಗಲಿಲ್ಲ, ಲಾಗ್‌ಬುಕ್ ಕೈಹಿಡಿಯಿತು: ಕಾಯಂ ಆದ ನನ್ನ ಅನುಭವ

ಕೆಲಸ ಕಾಯಂ ಮಾಡಿ ಅಂತ ಕೊಟ್ಟ ಅರ್ಜಿಗಳಿಗೆ ಕಚೇರಿಯಿಂದ ಬಂದ ಹಿಂಬರಹಗಳದ್ದೇ (ಲಿಖಿತ ಉತ್ತರಗಳದ್ದೇ) ಒಂದು ಕಟ್ಟು ಮನೆಯಲ್ಲಿದೆ. ಎಲ್ಲದರಲ್ಲೂ ಒಂದೇ ರಾಗ: ಉಮಾದೇವಿ ಪ್ರಕರಣದ ತೀರ್ಪಿನಂತೆ ಅವಕಾಶವಿಲ್ಲ. ನೇಮಕಾತಿ ನಿಯಮ ಬಿಟ್ಟು ಸೇರಿದ ತಾತ್ಕಾಲಿಕ ನೌಕರರು ಕಾಯಂ ಹಕ್ಕು ಕೇಳುವಂತಿಲ್ಲ ಅಂದ ಸುಪ್ರೀಂ ಕೋರ್ಟ್ ತೀರ್ಪು ಅದು. 2006ರ ಏಪ್ರಿಲ್ 10ಕ್ಕೆ ಕೆಲಸದಲ್ಲಿ ಹತ್ತು ವರ್ಷ ತುಂಬಿದವರಿಗೆ ಮಾತ್ರ ಅದರಲ್ಲಿ ಒಂದು ಕಿಂಡಿ ಇತ್ತು. ನಾನು ಪಂಪ್‌ಹೌಸ್ ಕೆಲಸಕ್ಕೆ ಸೇರಿದ್ದೇ 2003ರ ಸುಮಾರಿಗೆ. ಕಾರವಾರದ ಜೊತೆಗಾರರೆಲ್ಲ, 'ಮಾರಾಯ, ಸುಮ್ನೆ ದುಡ್ಡು ಹಾಳು ಮಾಡ್ಬೇಡ' ಅಂದಿದ್ದರು. ಈಗ ಅವರಲ್ಲೇ ನಾಲ್ಕೈದು ಜನ ಫೈಲ್ ನೋಡೋಕೆ ಮನೆಗೆ ಬರ್ತಾರೆ. ಬರಲಿ, ಚಹಾ ಕೊಡ್ತೇನೆ.

ಮೊದಲು ದುಡ್ಡು ಹೋದ ಕಥೆ. ಬೆಂಗಳೂರಿಗೆ ಹೋಗಿ ಮನವಿ ಕೊಡ್ತೇವೆ ಅಂತ ತಲಾ ಎರಡು ಸಾವಿರ ಎತ್ತಿದರು. ಮಂತ್ರಿಗೆ ಹಾರ ಹಾಕಿದ ಫೋಟೋ ಬಂತು, ಅಷ್ಟೇ. ಆಮೇಲೆ ಹೈಕೋರ್ಟಿನ ಧಾರವಾಡ ಪೀಠದಲ್ಲಿ ರಿಟ್ ಅರ್ಜಿ ಹಾಕಿದೆ. ವಕೀಲರಿಗೆ ಇಪ್ಪತ್ತೈದು ಸಾವಿರದ ಹತ್ತಿರ, ಅರಬೈಲ್ ಘಟ್ಟ ಹತ್ತಿ ಇಳಿದ ಬಸ್ ಚಾರ್ಜು, ತಪ್ಪಿದ ದಿನದ ಸಂಬಳ ಬೇರೆ. 'ಮನವಿ ಪರಿಗಣಿಸಿ' ಅಂತ ಆದೇಶವಾಯಿತು. ಕಚೇರಿ ಪರಿಗಣಿಸಿತು, ಮತ್ತೊಂದು ಹಿಂಬರಹ ಕೊಟ್ಟಿತು. ಅಷ್ಟೊತ್ತಿಗೆ ಹೆಂಡತಿಯ ಸರ ಸೊಸೈಟಿ ಸೇರಿತ್ತು.

ನಮ್ಮವರೆಲ್ಲ ಸರ್ವಿಸ್ ಎಷ್ಟು ವರ್ಷ ಅಂತ ಎಣಿಸ್ತಾರೆ. ಕಚೇರಿಯವರು ಅದಕ್ಕೆ ಹೆದರೋದಿಲ್ಲ, 'ನೀನು ಗುತ್ತಿಗೆದಾರನ ಆಳು' ಅಂದುಬಿಡ್ತಾರೆ. ಹಾಗಾಗಿ ನನ್ನಿಂದ ದಿನಾ ಕೆಲಸ ಮಾಡಿಸಿದ್ದು ಯಾರು ಅನ್ನೋದಕ್ಕೆ ದಾಖಲೆ ಹುಡುಕಲು ಹೊರಟೆ. ಮಸ್ಟರ್ ರೋಲ್, ಅಂದರೆ ಹಾಜರಿ ಪಟ್ಟಿ ಕೇಳಿದರೆ 'ಲಭ್ಯವಿಲ್ಲ'. ಸರಿ, ಪಂಪ್‌ಹೌಸ್ ಲಾಗ್‌ಬುಕ್ ಕೇಳಿದೆ. ಮಾಹಿತಿ ಹಕ್ಕಿನಲ್ಲಿ ಹತ್ತು ರೂಪಾಯಿ ಕಟ್ಟಿ, ನಕಲು ಬೇಡ, ಮೊದಲು ಕಡತ ನೋಡಲು ಬಿಡಿ ಅಂದೆ. ಮೂವತ್ತು ದಿನ ಸುಮ್ಮನಿದ್ದರು. ಮೇಲ್ಮನವಿ ಹಾಕಿದ ಮೇಲೆ ಕರೆದರು.

ಕರಾವಳಿಯ ಮಳೆಗಾಲ ಗೊತ್ತಲ್ಲ. ಪುಸ್ತಕಗಳಿಗೆ ಬೂಸು ಹಿಡಿದು ಹಾಳೆಗಳು ಅಂಟಿಕೊಂಡಿದ್ದವು. ಆದರೂ ಓದಬಹುದಿತ್ತು. ಮೋಟಾರ್ ಶುರು, ಬಂದ್, ವೋಲ್ಟೇಜ್, ಆಂಪಿಯರ್, ನನ್ನ ಸಹಿ. ಪಕ್ಕದಲ್ಲಿ ವಾರಕ್ಕೊಮ್ಮೆ ಕೆಂಪು ಶಾಯಿಯಲ್ಲಿ ಇಂಜಿನಿಯರ್ ಸಹಿ. 'ತಡವಾಗಿ ಬಂದಿದ್ದಾನೆ, ಎಚ್ಚರಿಸಿದೆ' ಅಂತ ಒಂದು ಕಡೆ ಬರೆದಿದ್ದರು. ಆ ಬೈಗುಳವೇ ನನಗೆ ಬಂಗಾರ! ಗುತ್ತಿಗೆದಾರನ ಸಹಿ ಒಂದು ಪುಟದಲ್ಲೂ ಇಲ್ಲ. ಪುಟಕ್ಕೆ ಎರಡು ರೂಪಾಯಿಯಂತೆ ದೃಢೀಕೃತ ನಕಲು ತಗೊಂಡೆ, ಒಟ್ಟು ಸಾವಿರದ ಮೇಲಾಯಿತು. ಹಳೆಯ ಪುಸ್ತಕ ಯಾವ ಕಪಾಟಿನಲ್ಲಿದೆ ಅಂತ ಹೇಗೆ ಗೊತ್ತಾಯ್ತು ಅನ್ನೋದನ್ನು ಮಾತ್ರ ಇಲ್ಲಿ ಬರೆಯಲ್ಲ.

ನಡುವೆ ಬೇರೆ ಪ್ರಯೋಗಗಳೂ ನಡೆದವು. ಮೊಬೈಲಿನಲ್ಲಿ ಗೂಗಲ್ ಇಟ್ಟಿದ್ದ ಓಡಾಟದ ಲೆಕ್ಕ ಪ್ರಿಂಟ್ ತೆಗೆಸಿದೆ. ವಕೀಲರು ನಕ್ಕು ಪಕ್ಕಕ್ಕಿಟ್ಟರು. ಪಿಎಫ್ ಪಾಸ್‌ಬುಕ್ ಪರವಾಗಿಲ್ಲ: ಗುತ್ತಿಗೆದಾರರ ಹೆಸರು ಬದಲಾಗ್ತಾ ಹೋಗಿದೆ, ಆಳು ನಾನೊಬ್ಬನೇ. 2019ರ ಆಗಸ್ಟ್‌ನಲ್ಲಿ ಕದ್ರಾ ಅಣೆಕಟ್ಟಿನ ನೀರು ಬಿಟ್ಟು ಕಾಳಿ ದಂಡೆ ಮುಳುಗಿತ್ತಲ್ಲ, ಆಗ ರಾತ್ರಿ ಪಾಳಿಗೆ ನನ್ನ ಹೆಸರು ಹಾಕಿ ಕಚೇರಿಯೇ ಆದೇಶ ಹೊರಡಿಸಿತ್ತು. ಆ ಒಂದು ಹಾಳೆ ತುಂಬ ಕೆಲಸ ಮಾಡಿತು.

2024ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟಿನ ಜಗ್ಗೋ ತೀರ್ಪು ಬಂತು. ಕೇಂದ್ರ ಜಲ ಆಯೋಗದಲ್ಲಿ ಕಸ ಗುಡಿಸೋರು, ತೋಟ ನೋಡೋರ ಕೇಸು ಅದು. ವರ್ಷಾನುಗಟ್ಟಲೆ ದುಡಿದವರನ್ನು ಹೊರಗಿಡಲು ಉಮಾದೇವಿ ತೀರ್ಪನ್ನು ಆಯುಧ ಮಾಡಿಕೊಳ್ಳಬೇಡಿ ಅಂತ ಹೇಳಿತ್ತು. ಬೇರೆಯವರು ಆಗ ದಾಖಲೆ ಹುಡುಕಲು ಶುರು ಮಾಡಿದರು. ನನ್ನ ಫೈಲ್ ಹೊಲಿದು ತಯಾರಿತ್ತು. ಕೊನೆಯ ಹಿಂಬರಹವನ್ನೇ ಪ್ರಶ್ನಿಸಿ ಮತ್ತೆ ರಿಟ್, ಈ ಸಲ ಸುಮಾರು ನಲವತ್ತು ಸಾವಿರ. ಮಂಜೂರಾದ ಹುದ್ದೆ ಖಾಲಿ ಇದೆ ಅನ್ನೋ ಪತ್ರವನ್ನು ಮೊದಲೇ ತೆಗೆಸಿಟ್ಟುಕೊಂಡಿದ್ದೆ. ಅದಿಲ್ಲದೆ ಯಾರೂ ಧಾರವಾಡದ ಬಸ್ ಹತ್ತಬೇಡಿ.

ಮೊದಲು ಕೈಗೆ ಹದಿನೈದು ಸಾವಿರ ಬಂದರೆ ಹೆಚ್ಚು. ಈಗ ಕಾಯಂ ಆದ ಮೇಲೆ ರಾಜ್ಯದ ಏಳನೇ ವೇತನ ಆಯೋಗದ ಲೆಕ್ಕದಲ್ಲಿ ಮೂಲ ವೇತನವೇ 27 ಸಾವಿರದಿಂದ ಶುರು. ಸರ ಬಿಡಿಸಿಕೊಂಡೆ. ಹಿಂದಿನ ವರ್ಷಗಳ ಬಾಕಿ ಮಾತ್ರ ಕೊಟ್ಟಿಲ್ಲ, ಅದಕ್ಕೆ ಮೊನ್ನೆ ಇನ್ನೊಂದು ಅರ್ಜಿ ಹಾಕಿದ್ದೇನೆ.