ಗ್ರೌಲರ್‌ನಲ್ಲಿ ತಂದ ಬಿಯರ್ ಸಪ್ಪೆಯಾಗದಂತೆ

ಅಮೆರಿಕದ ಪೋರ್ಟ್‌ಲ್ಯಾಂಡಿಗೆ ಬಂದ ಹೊಸದರಲ್ಲಿ ಗ್ರೌಲರ್ (ಅಂಗಡಿಯ ನಲ್ಲಿಯಿಂದ ಬಿಯರ್ ತುಂಬಿಸಿಕೊಂಡು ಮನೆಗೆ ತರುವ ದೊಡ್ಡ ಬಾಟಲಿ) ಎಂದರೆ ನನಗೆ ಹಾಲಿನ ಕ್ಯಾನಿನಂತೆಯೇ: ತುಂಬಿಸು, ತಾ, ಫ್ರಿಜ್‌ನಲ್ಲಿಡು. ಶುಕ್ರವಾರ ತಂದು ಅರ್ಧ ಕುಡಿದ ಐಪಿಎ ಎಂಬ ಕಹಿ ಬಿಯರ್ ಸೋಮವಾರಕ್ಕೆ ಕಷಾಯವಾಗಿತ್ತು. ತಪ್ಪು ನನ್ನದೇ.

ಸಾಮಾನ್ಯ ಗ್ರೌಲರ್ 64 ಔನ್ಸ್, ಅಂದರೆ ಸುಮಾರು 1.9 ಲೀಟರ್. ಕಂದು ಗಾಜಿನದನ್ನೇ ಆರಿಸಿ. ಬೆಳಕು ಬಿದ್ದರೆ ಹಾಪ್ಸ್‌ನ (ಬಿಯರಿಗೆ ಕಹಿ ಕೊಡುವ ಹೂವು) ಕಹಿ ಅಂಶ ಒಡೆದು ದುರ್ವಾಸನೆಯ ಗಂಧಕದ ಸಂಯುಕ್ತವಾಗುತ್ತದೆ. ಸ್ಟೀಲಿನದಾದರೆ ಆ ಚಿಂತೆಯೂ ಇಲ್ಲ.

ಎಲ್ಲವೂ ನಿಂತಿರುವುದು ತುಂಬಿಸುವ ಕ್ಷಣದಲ್ಲಿ. ನಲ್ಲಿಗೆ ಕೊಳವೆ ಸಿಕ್ಕಿಸಿ, ಅದು ತಳ ಮುಟ್ಟುವಂತೆ ಇಳಿಸಿ ತುಂಬಿಸಲು ಹೇಳಿ. ಮೇಲಿನಿಂದ ಸುರಿದರೆ ಅನಿಲ ಹೋಗುತ್ತದೆ, ಗಾಳಿ ಬೆರೆಯುತ್ತದೆ. ಮೊದಲು ಬಾಟಲಿಗೆ ಇಂಗಾಲದ ಡೈಆಕ್ಸೈಡ್ ಹಾಯಿಸುವ ಅಂಗಡಿ ಸಿಕ್ಕರೆ ಇನ್ನೂ ಒಳ್ಳೆಯದು. ನೊರೆ ಬಾಯಿಗೆ ಬಂದಾಗಲೇ ಮುಚ್ಚಳ ಬಿಗಿಯಬೇಕು. ಆದರೆ ಕತ್ತಿನವರೆಗೂ ಬಿಯರ್ ಬೇಡ, ಸ್ವಲ್ಪ ಜಾಗವಿರಲಿ. ಬಿಸಿಯಾದರೆ ಒತ್ತಡ ಏರಿ ಗಾಜು ಸಿಡಿಯಬಹುದು, ಆದ್ದರಿಂದ ಬೇಸಿಗೆಯಲ್ಲಿ ಕಾರಿನಲ್ಲಿ ಬಿಟ್ಟು ದಿನಸಿ ತರಲು ಹೋಗಬೇಡಿ. ಫ್ರೀಜರ್‌ನಲ್ಲೂ ಇಡಬೇಡಿ.

ಮನೆಯಲ್ಲಿ ನೆಟ್ಟಗೆ ನಿಲ್ಲಿಸಿ, 3–4 ಡಿಗ್ರಿ ಸೆಲ್ಸಿಯಸ್‌ನಲ್ಲಿಡಿ. ಮುಚ್ಚಳ ತೆರೆಯದಿದ್ದರೆ ಕೆಲವು ದಿನ ಚೆನ್ನಾಗಿರುತ್ತದೆ. ನಾನು ಮೂರು ದಿನ ದಾಟಿಸುವುದಿಲ್ಲ. ತೆರೆದ ಮೇಲೆ ಒಂದು ದಿನ, ಅಷ್ಟೇ. ಒಬ್ಬರೇ ಇದ್ದರೆ 32 ಔನ್ಸಿನದು ಸಾಕು.

ಖಾಲಿಯಾದ ತಕ್ಷಣ ಬಿಸಿನೀರಿನಲ್ಲಿ ಮೂರು ಬಾರಿ ಜಾಲಿಸಿ, ಬೋರಲು ಹಾಕಿ ಒಣಗಿಸಿ. ಸೋಪಿನ ಪಸೆ ಉಳಿದರೆ ನೊರೆ ನಿಲ್ಲುವುದಿಲ್ಲ. ಮುಚ್ಚಳದ ರಬ್ಬರ್ ಬಿರಿದಿದ್ದರೆ ಹೊಸ ಮುಚ್ಚಳ ಕೊಳ್ಳಿ.