ಸ್ಟೀಮ್‌ನಲ್ಲಿ ಫಾಲೋ ಮಾಡಿದ ಗೇಮ್‌ಗಳ ಲಿಸ್ಟ್ ಸಿಕ್ಕಿದ್ದು ಹೀಗೆ

ಸ್ಟೀಮ್ ಅಂದ್ರೆ ಕಂಪ್ಯೂಟರ್ ಗೇಮ್ ಕೊಂಡು ಆಡೋ ಆಪ್, ಅದ್ರಲ್ಲಿ ನನ್ ಆಕ್ಟಿವಿಟಿ ಫೀಡ್ (ಸುದ್ದಿ ಬರೋ ಪೇಜ್) ತುಂಬಾ ಯಾವ್ಯಾವ್ದೋ ಗೇಮ್‌ಗಳ ಅಪ್‌ಡೇಟ್ ನ್ಯೂಸೇ ಬರ್ತಿತ್ತು, ಅರ್ಧ ಗೇಮ್ ನಾನು ತಗೊಂಡೇ ಇಲ್ಲ, ಯಾವಾಗ್ಲೋ ಫಾಲೋ ಒತ್ತಿ ಮರ್ತಿದ್ದು.

ಮೊದ್ಲು ವಿಶ್‌ಲಿಸ್ಟಲ್ಲಿ (ಮುಂದೆ ತಗೋಬೇಕು ಅಂತ ಗುರುತು ಹಾಕಿಟ್ಟ ಗೇಮ್‌ಗಳ ಪಟ್ಟಿ) ಇರೋದನ್ನೆಲ್ಲ ಡಿಲೀಟ್ ಮಾಡ್ದೆ, ನ್ಯೂಸ್ ನಿಲ್ಲಲಿಲ್ಲ. ವಿಶ್‌ಲಿಸ್ಟೇ ಬೇರೆ ಫಾಲೋನೇ ಬೇರೆ, ಒಂದ್ರಲ್ಲಿ ತೆಗೆದ್ರೆ ಇನ್ನೊಂದ್ರಲ್ಲಿ ಹೋಗಲ್ಲ (ಇದು ಗೊತ್ತಿಲ್ದೆ ಸುಮ್ನೆ ವಿಶ್‌ಲಿಸ್ಟ್ ಖಾಲಿ ಮಾಡ್ಕೊಂಡೆ). ಲೈಬ್ರರಿಯಲ್ಲಿ ಹುಡುಕಿದ್ದೂ ದಂಡ, ಅಲ್ಲಿ ಬರೀ ನಮ್ ಅಕೌಂಟಲ್ಲಿರೋ ಗೇಮ್‌ಗಳು.

ಲಿಸ್ಟ್ ಇರೋದು ಪ್ರೊಫೈಲ್ ಒಳಗೆ. ಮೇಲ್ಗಡೆ ಸ್ಟೋರ್, ಲೈಬ್ರರಿ, ಕಮ್ಯುನಿಟಿ ಆದ್ಮೇಲೆ ನಿಮ್ ಹೆಸ್ರಿರುತ್ತಲ್ಲ, ಅದ್ರ ಮೇಲೆ ಮೌಸ್ ಇಟ್ಟು ಪ್ರೊಫೈಲ್‌ಗೆ ಹೋಗಿ, ಬಲಗಡೆ ಗೇಮ್ಸ್ ಅಂತಿರೋದನ್ನ ಒತ್ತಿ, ಬರೋ ಪೇಜಲ್ಲಿ ಆಲ್ ಗೇಮ್ಸ್ ಸಾಲಲ್ಲೇ ಫಾಲೋಡ್ ಅನ್ನೋ ಟ್ಯಾಬ್ ಇದೆ ನೋಡಿ, ಅದೇ. ಬೇಡದ ಗೇಮ್‌ನ ಸ್ಟೋರ್ ಪೇಜ್ ತೆಗೀರಿ, ಸ್ಕ್ರೀನ್‌ಶಾಟ್‌ಗಳ ಕೆಳಗೆ ವಿಶ್‌ಲಿಸ್ಟ್ ಬಟನ್ ಪಕ್ಕ ಫಾಲೋಯಿಂಗ್ ಅಂತ ಟಿಕ್ ಜೊತೆ ಇರುತ್ತೆ, ಅದನ್ನ ಒಂದ್ಸಲ ಒತ್ತಿದ್ರೆ ವಾಪಸ್ ಫಾಲೋ ಅಂತಾಗುತ್ತೆ, ಅಷ್ಟೇ. ನಾನು ಒಂದೊಂದಾಗೇ ತೆಗೆದೆ, ಪ್ರತಿಯೊಂದನ್ನೂ ಹೊಸ ಟ್ಯಾಬಲ್ಲಿ ಓಪನ್ ಮಾಡ್ಕೊಂಡ್ರೆ ಬೇಗ ಮುಗಿಯುತ್ತೆ, ಅದಕ್ಕೆ ಬ್ರೌಸರಲ್ಲಿ ಲಾಗಿನ್ ಆಗಿ ಮಾಡಿ.